ಜಮೀನು ಹೋಯಿತು, ನೌಕರಿ ಬರಲಿಲ್ಲ: ಕಾನೂನು ಹೇಳುವುದೇನು?

2025ರ ಜುಲೈನಲ್ಲಿ ಒಂದರ ಬೆನ್ನಿಗೊಂದು ಎರಡು ಸುದ್ದಿಗಳು ಬಂದವು. 14ರಂದು ಸುಪ್ರೀಂ ಕೋರ್ಟ್, ಹರಿಯಾಣ ನಗರಾಭಿವೃದ್ಧಿ ಪ್ರಾಧಿಕಾರದ ಪ್ರಕರಣವೊಂದರಲ್ಲಿ, ಸಾರ್ವಜನಿಕ ಉದ್ದೇಶಕ್ಕೆ ಭೂಮಿ ಪಡೆದು ನ್ಯಾಯವಾದ ಪರಿಹಾರ ಕೊಟ್ಟ ಮೇಲೆ ಪುನರ್ವಸತಿಯನ್ನೂ ಕೊಡಲೇಬೇಕೆಂಬ ಸಾಮಾನ್ಯ ಬಾಧ್ಯತೆ ಸರ್ಕಾರಕ್ಕಿಲ್ಲ ಎಂದಿತು. ಮರುದಿನ ಮುಖ್ಯಮಂತ್ರಿ ಸಿದ್ದರಾಮಯ್ಯ, ದೇವನಹಳ್ಳಿ ತಾಲ್ಲೂಕಿನ ಚನ್ನರಾಯಪಟ್ಟಣ ಹೋಬಳಿಯ 1,777 ಎಕರೆ ಜಮೀನಿನ ಸ್ವಾಧೀನವನ್ನು ಕೈಬಿಡುವುದಾಗಿ ಪ್ರಕಟಿಸಿದರು. 13 ಹಳ್ಳಿಗಳ ರೈತರು ಮೂರು ವರ್ಷಕ್ಕೂ ಹೆಚ್ಚು ಕಾಲ ಧರಣಿ ಕುಳಿತು ಪಡೆದ ಗೆಲುವು ಅದು.

ಎರಡನ್ನೂ ಒಟ್ಟಿಗೆ ಓದಿದವರಿಗೆ ಗೊಂದಲವಾಗುವುದು ಸಹಜ. ಒಂದು ಕಡೆ ನ್ಯಾಯಾಲಯ ಸರ್ಕಾರದ ಹೊಣೆಯನ್ನು ಕಿರಿದಾಗಿಸಿದಂತೆ ಕಾಣುತ್ತದೆ, ಇನ್ನೊಂದು ಕಡೆ ಸರ್ಕಾರವೇ ರೈತರಿಗೆ ಮಣಿಯುತ್ತದೆ. ಇವೆರಡರ ನಡುವೆ ಸಿಕ್ಕಿಕೊಂಡಿರುವವರು ಈಗಾಗಲೇ ಭೂಮಿ ಬಿಟ್ಟುಕೊಟ್ಟು ನೌಕರಿಗಾಗಿ ಕಾಯುತ್ತಿರುವ ಕುಟುಂಬಗಳು. ರಾಯಚೂರಿನ ಶಾಖೋತ್ಪನ್ನ ಸ್ಥಾವರಗಳ ಸುತ್ತ, ಬಳ್ಳಾರಿಯ ಕುಡತಿನಿಯಲ್ಲಿ, ಕಾರವಾರದ ಸೀಬರ್ಡ್ ನೌಕಾನೆಲೆಯ ಆಸುಪಾಸಿನಲ್ಲಿ, ಮಂಗಳೂರಿನ ವಿಶೇಷ ಆರ್ಥಿಕ ವಲಯದ ಪಕ್ಕದಲ್ಲಿ 'ಮನೆಗೊಂದು ನೌಕರಿ' ಎಂಬ ಬೇಡಿಕೆಯ ವಯಸ್ಸು ಆಯಾ ಯೋಜನೆಯ ವಯಸ್ಸಿನಷ್ಟೇ. ಜುಲೈ ತೀರ್ಪು ಆ ಬೇಡಿಕೆಗೆ ತೆರೆ ಎಳೆಯಿತೇ?

ಇಲ್ಲ. ಆದರೆ ಭೂಮಿ ಕೊಟ್ಟೆವು ಎಂಬ ಒಂದೇ ಕಾರಣಕ್ಕೆ ನೌಕರಿ ಹಕ್ಕಾಗುತ್ತದೆ ಎಂಬ ನಂಬಿಕೆಗೆ ಮೊದಲಿನಿಂದಲೂ ಕಾನೂನಿನ ಆಧಾರ ದುರ್ಬಲವಾಗಿತ್ತು. ಹಕ್ಕು ಹುಟ್ಟುವುದು ಕಾಯ್ದೆಯಲ್ಲಿ, ಜಾರಿಯಲ್ಲಿರುವ ನೀತಿಯಲ್ಲಿ ಅಥವಾ ಸಹಿ ಬಿದ್ದ ಒಪ್ಪಂದದಲ್ಲಿ ಅದು ಬರೆಯಲ್ಪಟ್ಟಿದ್ದಾಗ ಮಾತ್ರ. ಹಳ್ಳಿಯ ಅರಳಿಕಟ್ಟೆಯ ಮುಂದೆ ನಡೆದ ಸಭೆಯಲ್ಲಿ ಅಧಿಕಾರಿಯೋ ಜನಪ್ರತಿನಿಧಿಯೋ ಆಡಿದ ಮಾತಿಗೂ ಐತೀರ್ಪಿನ (ಪರಿಹಾರ ನಿಗದಿಪಡಿಸಿ ಅಧಿಕಾರಿ ಹೊರಡಿಸುವ ಆದೇಶ) ಪ್ರತಿಯಲ್ಲಿರುವ ಸಾಲಿಗೂ ನಡುವಿನ ಅಂತರದಲ್ಲೇ ಸಾವಿರಾರು ಕುಟುಂಬಗಳು ಸೋತಿವೆ.

ಜುಲೈ ತೀರ್ಪಿನ ವ್ಯಾಪ್ತಿ

ಮೊದಲು ತಿಳಿಯಬೇಕಾದದ್ದು, ಹರಿಯಾಣದ ಆ ಪ್ರಕರಣ ನೌಕರಿಯದ್ದಲ್ಲ, ನಿವೇಶನದ್ದು. ಅಲ್ಲಿನ ಜಮೀನು ಸ್ವಾಧೀನವಾದದ್ದು 1894ರ ಹಳೆಯ ಭೂಸ್ವಾಧೀನ ಕಾಯ್ದೆಯಡಿ. ಮಾಲೀಕರು ಪರಿಹಾರ ಪಡೆದಿದ್ದರು. ರಾಜ್ಯದ 1992ರ ನೀತಿಯ ಪ್ರಕಾರ ತಮಗೆ ಹಳೆಯ ದರದಲ್ಲೇ ನಿವೇಶನ ಸಿಗಬೇಕೆಂದು ಬಹಳ ವರ್ಷಗಳ ನಂತರ ನ್ಯಾಯಾಲಯಕ್ಕೆ ಹೋದರು. ಸಂವಿಧಾನದ 21ನೇ ವಿಧಿಯ ಜೀವನೋಪಾಯದ ಹಕ್ಕನ್ನು ಮುಂದಿಟ್ಟು ಇಂಥ ಬೇಡಿಕೆಯನ್ನು ಸಮರ್ಥಿಸಲಾಗದು ಎಂದು ಸುಪ್ರೀಂ ಕೋರ್ಟ್ ಹೇಳಿತು. ಹಾಗೆಂದು ಅವರನ್ನು ಬರಿಗೈಯಲ್ಲಿ ಕಳಿಸಲೂ ಇಲ್ಲ. ರಾಜ್ಯದ 2016ರ ನೀತಿಯಡಿ ಅರ್ಜಿ ಹಾಕಲು ಅವಕಾಶ ಕೊಟ್ಟಿತು.

ತೀರ್ಪಿನ ಎರಡು ಮಾತುಗಳು ಮುಂದಿನ ದಿನಗಳಲ್ಲಿ ಪದೇ ಪದೇ ಉದ್ಧರಣೆಯಾಗಲಿವೆ. ಪರಿಹಾರದ ಆಚೆಗಿನ ಪುನರ್ವಸತಿ, ಮನೆಯನ್ನೋ ಜೀವನೋಪಾಯವನ್ನೋ ಕಳೆದುಕೊಂಡು ನಿರ್ಗತಿಕರಾದವರಿಗೆ ಮೀಸಲಾಗಿರಬೇಕು ಎಂಬುದು ಒಂದು. ಜನರನ್ನು ಮೆಚ್ಚಿಸಲು ಯೋಜನೆಗಳನ್ನು ಘೋಷಿಸಿ ಕೊನೆಗೆ ವ್ಯಾಜ್ಯದಲ್ಲಿ ಸಿಕ್ಕಿಕೊಳ್ಳಬೇಡಿ ಎಂದು ಎಲ್ಲ ರಾಜ್ಯಗಳಿಗೆ ಕೊಟ್ಟ ಎಚ್ಚರಿಕೆ ಇನ್ನೊಂದು.

ಕಾಯ್ದೆಯೇ ಕೊಡುವ ಪುನರ್ವಸತಿಯನ್ನು ಈ ತೀರ್ಪು ಕಿತ್ತುಕೊಳ್ಳುವುದಿಲ್ಲ. 2014ರ ಜನವರಿ 1ರಿಂದ ಜಾರಿಯಲ್ಲಿರುವ 2013ರ ಹೊಸ ಭೂಸ್ವಾಧೀನ ಕಾಯ್ದೆಯಡಿ ಜಮೀನು ಹೋದವರಿಗೆ ಪುನರ್ವಸತಿ ದಯೆಯ ಮಾತಲ್ಲ, ಶಾಸನದ ಮಾತು. ಹೀಗಾಗಿ 'ಸುಪ್ರೀಂ ಕೋರ್ಟೇ ಇಲ್ಲ ಎಂದಿದೆ' ಎಂದು ಯಾವ ಕಚೇರಿಯಾದರೂ ಅರ್ಜಿ ಹಿಂದಿರುಗಿಸಿದರೆ, ಅರ್ಜಿದಾರರು ಕೇಳಬೇಕಾದ ಮೊದಲ ಪ್ರಶ್ನೆ: ನಮ್ಮ ಜಮೀನು ಹೋದದ್ದು ಯಾವ ಕಾಯ್ದೆಯಡಿ?

ಹಳೆಯ ಕಾಯ್ದೆಯ ಮೌನ

1894ರ ಕಾಯ್ದೆಗೆ ಗೊತ್ತಿದ್ದದ್ದು ಹಣ ಮಾತ್ರ. ಮಾರುಕಟ್ಟೆ ಬೆಲೆ, ಅದರ ಮೇಲೆ ಸಾಂತ್ವನ ಧನ (1984ರ ತಿದ್ದುಪಡಿಯ ನಂತರ ಶೇ 30), ತಡವಾದರೆ ಬಡ್ಡಿ. ನೌಕರಿ ಎಂಬ ಪದಕ್ಕೆ ಅಲ್ಲಿ ಜಾಗವೇ ಇರಲಿಲ್ಲ.

ಹಾಗಿದ್ದರೆ 'ಮನೆಗೊಂದು ನೌಕರಿ' ಬಂದದ್ದೆಲ್ಲಿಂದ? ಸ್ವಾತಂತ್ರ್ಯಾನಂತರ ಉಕ್ಕಿನ ಕಾರ್ಖಾನೆಗಳು, ಕಲ್ಲಿದ್ದಲು ಗಣಿಗಳು, ವಿದ್ಯುತ್ ಸ್ಥಾವರಗಳು ಎದ್ದಾಗ ಜನರನ್ನು ಒಪ್ಪಿಸಲು ಸಾರ್ವಜನಿಕ ಉದ್ದಿಮೆಗಳೇ ಬೆಳೆಸಿದ ರೂಢಿ ಅದು. ಆಗಿನ ಕಾರ್ಖಾನೆಗಳಿಗೆ ಮಣ್ಣು ಹೊರಲು, ಗೋದಾಮು ಕಾಯಲು, ಯಂತ್ರದ ಮಗ್ಗುಲಲ್ಲಿ ನಿಲ್ಲಲು ಸಾವಿರಾರು ಕೈಗಳು ಬೇಕಿದ್ದವು. ಏಳನೇ ತರಗತಿ ಓದಿದವನಿಗೂ ಕಾಯಂ ಕೆಲಸ ಸಿಗುತ್ತಿತ್ತು. ಕೊಡುವವರಿಗೆ ಹೊರೆಯಾಗದ ಕಾರಣ ಮಾತು ನಡೆಯಿತು.

ಕೆಲಸಗಾರರ ಸಂಖ್ಯೆ ಅಗತ್ಯಕ್ಕಿಂತ ಹೆಚ್ಚಾಗಿದೆ ಎಂಬ ಲೆಕ್ಕ ಶುರುವಾದ ಮೇಲೆ ಕೇಂದ್ರದ ಧೋರಣೆ ಬದಲಾಯಿತು. 1986ರ ಫೆಬ್ರುವರಿಯಲ್ಲಿ ಸಾರ್ವಜನಿಕ ಉದ್ಯಮಗಳ ಬ್ಯೂರೊ ಹೊರಡಿಸಿದ ಸುತ್ತೋಲೆ, ಭೂಮಿ ಕಳೆದುಕೊಂಡ ಪ್ರತಿ ಕುಟುಂಬದ ಒಬ್ಬರಿಗೆ ನೌಕರಿ ಎಂಬ ಔಪಚಾರಿಕ ಅಥವಾ ಅನೌಪಚಾರಿಕ ತಿಳಿವಳಿಕೆ ಏನಿದ್ದರೂ ಅದನ್ನು ಹಿಂಪಡೆಯಲಾಗಿದೆ ಎಂದು ಹೇಳಿತು. ಈ ಸುತ್ತೋಲೆಯ ಸುದ್ದಿ ಹಳ್ಳಿಗಳಿಗೆ ತಲುಪಲೇ ಇಲ್ಲ ಎನ್ನಬಹುದು, ಏಕೆಂದರೆ ಆ ಬಳಿಕವೂ ಭೂಮಿ ಕೇಳಲು ಬಂದವರ ಬಾಯಲ್ಲಿ ಅದೇ ಭರವಸೆ ಇತ್ತು. 2007ರ ರಾಷ್ಟ್ರೀಯ ಪುನರ್ವಸತಿ ನೀತಿ ಕುಟುಂಬದ ಒಬ್ಬರಿಗಾದರೂ ಯೋಜನೆಯ ನೌಕರಿಯಲ್ಲಿ ಆದ್ಯತೆ ಎಂದಿತಾದರೂ, ಹುದ್ದೆ ಖಾಲಿ ಇದ್ದರೆ, ಅಭ್ಯರ್ಥಿ ಅರ್ಹನಾಗಿದ್ದರೆ ಎಂಬ ಎರಡು ಷರತ್ತುಗಳನ್ನೂ ಸೇರಿಸಿತು.

ನ್ಯಾಯಾಲಯಗಳು ಒಪ್ಪದಿರುವುದು ಏಕೆ

ರೂರ್ಕೆಲಾ ಉಕ್ಕಿನ ಕಾರ್ಖಾನೆಗಾಗಿ 1950ರ ದಶಕದಲ್ಲಿ ಭೂಮಿ ಕಳೆದುಕೊಂಡವರ ವಾರಸುದಾರರು ದಶಕಗಳ ನಂತರ ನೌಕರಿ ಕೇಳಿ ಸುಪ್ರೀಂ ಕೋರ್ಟಿಗೆ ಹೋಗಿದ್ದರು. 1995ರಲ್ಲಿ ಬಂದ ತೀರ್ಪು ಇಂದಿಗೂ ಈ ವಿಷಯದ ಬುನಾದಿ. ಕಾನೂನಿನಂತೆ ಭೂಮಿ ಪಡೆದು ಪರಿಹಾರ ಕೊಟ್ಟರೆ 21ನೇ ವಿಧಿಯ ಉಲ್ಲಂಘನೆಯಾಗದು. ಮಕ್ಕಳು, ಮೊಮ್ಮಕ್ಕಳು ಎಂದು ತಲೆಮಾರುಗಟ್ಟಲೆ ಹಕ್ಕು ಮುಂದುವರಿಯಲಾಗದು ಎಂದು ನ್ಯಾಯಾಲಯ ಹೇಳಿತು. 2005ರಲ್ಲಿ ಅಲಹಾಬಾದ್ ಹೈಕೋರ್ಟಿನ ಪೂರ್ಣಪೀಠವೂ, ಕಾನೂನಿನ ಬೆಂಬಲವಿಲ್ಲದೆ ಭೂಸ್ವಾಧೀನವೊಂದನ್ನೇ ಆಧರಿಸಿ ಸರ್ಕಾರಿ ನೌಕರಿ ಕೇಳಲು ಬರುವುದಿಲ್ಲ ಎಂಬ ನಿಲುವು ತಾಳಿತು.

ಈ ನಿಲುವಿನ ಹಿಂದೆ ಸಂವಿಧಾನದ 14 ಮತ್ತು 16ನೇ ವಿಧಿಗಳಿವೆ. ಸರ್ಕಾರಿ ಹುದ್ದೆ ಎಲ್ಲರಿಗೂ ಸಮಾನವಾಗಿ ತೆರೆದಿರಬೇಕು. ಜಾಹೀರಾತು, ಅರ್ಜಿ, ಆಯ್ಕೆ ಎಂಬ ಬಾಗಿಲಿನಿಂದಲೇ ಒಳಗೆ ಬರಬೇಕು. 2006ರಲ್ಲಿ ಕರ್ನಾಟಕದ ದಿನಗೂಲಿ ನೌಕರರ ಪ್ರಕರಣದಲ್ಲಿ (ಉಮಾದೇವಿ ಪ್ರಕರಣವೆಂದೇ ಅದು ಪ್ರಸಿದ್ಧ) ಸಂವಿಧಾನ ಪೀಠ ಈ ನಿಯಮವನ್ನು ಬಿಗಿಗೊಳಿಸಿದ ಮೇಲೆ, ನೇಮಕಾತಿ ನಿಯಮದ ಹೊರಗಿನ ಯಾವ ನೌಕರಿಯನ್ನೂ ನ್ಯಾಯಾಲಯಗಳು ಅನುಮಾನದಿಂದಲೇ ನೋಡುತ್ತಿವೆ. ಭೂಮಿಯೇ ಇಲ್ಲದ ಕೂಲಿಕಾರನ ಮಗಳಿಗೂ ಆ ಹುದ್ದೆಯ ಮೇಲೆ ಅಷ್ಟೇ ಹಕ್ಕಿದೆ ಎಂಬ ವಾದವನ್ನು ತಳ್ಳಿಹಾಕುವುದು ಕಷ್ಟ.

ಇದಕ್ಕೆ ಎದುರಾದ ಧಾರೆಯೂ ನ್ಯಾಯಾಲಯದಲ್ಲಿದೆ. ತೆಹ್ರಿ ಅಣೆಕಟ್ಟಿನ ಪ್ರಕರಣದಲ್ಲಿ, ಪುನರ್ವಸತಿ ಎಂದರೆ ಅನ್ನ, ಬಟ್ಟೆ, ಸೂರು ಕೊಟ್ಟು ಕೈತೊಳೆದುಕೊಳ್ಳುವುದಲ್ಲ, ಜೀವನೋಪಾಯವನ್ನು ಮತ್ತೆ ಕಟ್ಟಿಕೊಳ್ಳಲು ನೆರವಾಗುವುದು. ಅದು 21ನೇ ವಿಧಿಯ ಸಹಜ ಫಲ ಎಂದು ಸುಪ್ರೀಂ ಕೋರ್ಟೇ ಹೇಳಿತ್ತು. ಒಡಿಶಾದ ಸುಂದರಗಢದಲ್ಲಿ ಮಹಾನದಿ ಕೋಲ್‌ಫೀಲ್ಡ್ಸ್‌ಗಾಗಿ 1987ರಲ್ಲೇ ಸ್ವಾಧೀನವಾದ ಜಮೀನಿಗೆ ಎರಡು ದಶಕ ಕಳೆದರೂ ಪರಿಹಾರ ಸಂದಿಲ್ಲವೆಂದು ಗೊತ್ತಾದಾಗ, 2010ರಲ್ಲಿ ನ್ಯಾಯಾಲಯ ಒಂದು ಕ್ಲೇಮ್ಸ್ ಆಯೋಗವನ್ನೇ ರಚಿಸಿ ಪರಿಹಾರ ಮತ್ತು ಪುನರ್ವಸತಿಯ ಲೆಕ್ಕ ಮಾಡಿಸಿತು.

ಎರಡು ಧಾರೆಗಳೂ ಒಂದಕ್ಕೊಂದು ವಿರುದ್ಧವೆಂದು ತೋರಿದರೂ ಅವುಗಳನ್ನು ಜೋಡಿಸುವ ಎಳೆಯೊಂದಿದೆ. ಬರವಣಿಗೆಯಲ್ಲಿರುವ ಬಾಧ್ಯತೆಯನ್ನು ನ್ಯಾಯಾಲಯ ಜಾರಿ ಮಾಡಿಸುತ್ತದೆ, ಇಲ್ಲದ ಬಾಧ್ಯತೆಯನ್ನು ಸೃಷ್ಟಿಸಲು ಹಿಂಜರಿಯುತ್ತದೆ. ಬೆಂಗಳೂರು-ಮೈಸೂರು ಮೂಲಸೌಕರ್ಯ ಕಾರಿಡಾರ್ ಯೋಜನೆಗೆ 2003ರಲ್ಲಿ ಅಧಿಸೂಚಿತವಾದ ಜಮೀನಿನ ಪ್ರಕರಣ ನೋಡಿ. ಮಾಲೀಕರಿಗೆ ಪರಿಹಾರ ಕೊಡಲು ಆದ ವಿಳಂಬಕ್ಕಾಗಿ, 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ತನ್ನ ವಿಶೇಷಾಧಿಕಾರ ಬಳಸಿ 2019ರ ಮಾರುಕಟ್ಟೆ ಬೆಲೆಯ ಪ್ರಕಾರ ಪರಿಹಾರ ನಿಗದಿಪಡಿಸಲು ಹೇಳಿತು. ಹಣದ ಬಾಧ್ಯತೆ ಕಾಯ್ದೆಯಲ್ಲಿದ್ದುದರಿಂದಲೇ ಅಷ್ಟು ದೃಢವಾದ ಆದೇಶ ಸಾಧ್ಯವಾಯಿತು. ಅದೇ ಕಾಯ್ದೆಯ ಮುಂದೆ ನೌಕರಿ ಕೇಳಿ ನಿಂತವರಿಗೆ ಆ ಬಲವಿಲ್ಲ.

2013ರ ಕಾಯ್ದೆ: ಮೂರು ಆಯ್ಕೆ, ಒಂದು ಷರತ್ತು

ಹೊಸ ಕಾಯ್ದೆಯ ಎರಡನೇ ಅನುಸೂಚಿಯ ನಾಲ್ಕನೇ ಅಂಶವನ್ನು ಭೂಸಂತ್ರಸ್ತರು ಬಾಯಿಪಾಠ ಮಾಡಿಕೊಂಡರೂ ತಪ್ಪಲ್ಲ. ಸಂತ್ರಸ್ತ ಕುಟುಂಬಕ್ಕೆ ಅದು ಮೂರು ಆಯ್ಕೆ ಕೊಡುತ್ತದೆ. ಒಂದು, ಯೋಜನೆಯಿಂದ ಉದ್ಯೋಗ ಸೃಷ್ಟಿಯಾಗುವಲ್ಲಿ, ತರಬೇತಿ ಕೊಟ್ಟು, ಕನಿಷ್ಠ ವೇತನಕ್ಕೆ ಕಡಿಮೆಯಿಲ್ಲದಂತೆ, ಕುಟುಂಬದ ಒಬ್ಬ ಸದಸ್ಯರಿಗಾದರೂ ಅದೇ ಯೋಜನೆಯಲ್ಲಿ ಅಥವಾ ಬೇರೊಂದು ಯೋಜನೆಯಲ್ಲಿ ನೌಕರಿ. ಎರಡು, ಒಂದೇ ಸಲಕ್ಕೆ 5 ಲಕ್ಷ ರೂಪಾಯಿ. ಮೂರು, ಬೆಲೆ ಸೂಚ್ಯಂಕಕ್ಕೆ ಹೊಂದಿಸಿ, ತಿಂಗಳಿಗೆ 2,000 ರೂಪಾಯಿಗೆ ಕಡಿಮೆಯಿಲ್ಲದ ವರ್ಷಾಶನ, 20 ವರ್ಷ.

ಆಯ್ಕೆ ಯಾರದ್ದು? ಈ ಆಯ್ಕೆಗಳು ಕುಟುಂಬಗಳಿಗೆ ದೊರೆಯುವಂತೆ ಸರ್ಕಾರ ನೋಡಿಕೊಳ್ಳಬೇಕು ಎಂದು ಅನುಸೂಚಿ ಹೇಳುವುದರಿಂದ, ಆಯ್ಕೆ ಕುಟುಂಬದ್ದೇ ಎಂಬ ಓದು ನನಗೆ ಸರಿಯೆನಿಸುತ್ತದೆ. ಆದರೆ ಮೊದಲ ಆಯ್ಕೆಗೆ ಅಂಟಿರುವ 'ಉದ್ಯೋಗ ಸೃಷ್ಟಿಯಾಗುವಲ್ಲಿ' ಎಂಬ ಷರತ್ತಿನ ಬಳಿ ಸಂಸ್ಥೆಗಳು ನಿಂತುಬಿಡುತ್ತವೆ. ಹೆದ್ದಾರಿ ಅಗಲವಾದರೆ ಯಾವ ಹುದ್ದೆ ಹುಟ್ಟಿತು? ರೈಲು ಹಳಿ ಜೋಡಿಯಾದರೆ? ಕಾಲುವೆ ತೋಡಿದರೆ? ನಿರ್ಮಾಣದ ಕೆಲಸ ಗುತ್ತಿಗೆದಾರನದ್ದು, ಮುಗಿದ ಮೇಲೆ ನಿರ್ವಹಣೆಯ ಕೆಲಸ ಹೊರಗುತ್ತಿಗೆಯದ್ದು. ನೇರ ಹುದ್ದೆಯೇ ಇಲ್ಲವೆಂದಾದಾಗ ಉಳಿಯುವುದು 5 ಲಕ್ಷದ ಚೆಕ್ಕು.

ಆ ಚೆಕ್ಕಿನ ಮೌಲ್ಯವನ್ನೂ ಲೆಕ್ಕ ಹಾಕಿ ನೋಡೋಣ. 5 ಲಕ್ಷ ರೂಪಾಯಿಯನ್ನು ಶೇ 7ರ ಬಡ್ಡಿಗೆ ಇಟ್ಟರೆ ವರ್ಷಕ್ಕೆ 35,000, ಅಂದರೆ ತಿಂಗಳಿಗೆ 3,000 ರೂಪಾಯಿಯೂ ಆಗುವುದಿಲ್ಲ. ವರ್ಷಾಶನಕ್ಕೆ ಬೆಲೆ ಸೂಚ್ಯಂಕದ ರಕ್ಷಣೆಯಾದರೂ ಇದೆ, ಒಂದೇ ಸಲದ ಮೊತ್ತಕ್ಕೆ ಅದೂ ಇಲ್ಲ. 2013ರಲ್ಲಿ ಬರೆದ 5 ಲಕ್ಷ, ಬೆಲೆ ಎಷ್ಟೇ ಏರಿದರೂ 5 ಲಕ್ಷವೇ. ಇದನ್ನು ಹೆಚ್ಚಿಸಲು ಸಂಸತ್ತಿನಲ್ಲಿ ಹೊಸ ಮಸೂದೆಯನ್ನೇನೂ ತರಬೇಕಿಲ್ಲ. ಪರಿಹಾರವನ್ನು ತಗ್ಗಿಸದಂತೆ ಅನುಸೂಚಿಗಳನ್ನು ಅಧಿಸೂಚನೆಯ ಮೂಲಕವೇ ಬದಲಿಸುವ ಅಧಿಕಾರವನ್ನು 106ನೇ ಕಲಂ ಕೇಂದ್ರ ಸರ್ಕಾರಕ್ಕೆ ಕೊಟ್ಟಿದೆ.

31ನೇ ಕಲಮಿನ ಪ್ರಕಾರ ಜಿಲ್ಲಾಧಿಕಾರಿ ಪರಿಹಾರದ ಐತೀರ್ಪಿನ ಜೊತೆಗೆ ಪ್ರತ್ಯೇಕ ಪುನರ್ವಸತಿ ಐತೀರ್ಪನ್ನೂ ಹೊರಡಿಸಬೇಕು, ಕುಟುಂಬದ ಸದಸ್ಯರಿಗೆ ಕಡ್ಡಾಯವಾಗಿ ಕೊಡಬೇಕಾದ ಉದ್ಯೋಗದ ವಿವರ ಅದರಲ್ಲಿರಬೇಕು. ಈ ಸಾಲು ಅಲ್ಲಿದ್ದರೆ ಅದು ಶಾಸನಬದ್ಧ ಆದೇಶ. ತಕರಾರಿದ್ದರೆ ಭೂಸ್ವಾಧೀನ ಪ್ರಾಧಿಕಾರದ ಮುಂದೆ ಹೋಗಬಹುದು. ಇಲ್ಲದಿದ್ದರೆ ಹತ್ತು ವರ್ಷದ ನಂತರದ ಮನವಿಪತ್ರಕ್ಕೆ ತೂಕ ಬರುವುದಿಲ್ಲ.

ರೈಲ್ವೆ ಒಂದು ಕಡೆ, ಕಲ್ಲಿದ್ದಲು ಇನ್ನೊಂದು ಕಡೆ

ಒಂದೇ ಕೇಂದ್ರ ಸರ್ಕಾರದ ಎರಡು ಸಂಸ್ಥೆಗಳು ಈ ವಿಷಯದಲ್ಲಿ ಎಷ್ಟು ಬೇರೆಯಾಗಿ ನಡೆದುಕೊಂಡಿವೆ ಎಂಬುದನ್ನು ನೋಡಿದರೆ ಭರವಸೆಯ ಬಲ ಎಲ್ಲಿಂದ ಬರುತ್ತದೆಂಬುದು ಅರ್ಥವಾಗುತ್ತದೆ.

ರೈಲ್ವೆ ಮಂಡಳಿ 2010ರ ಜುಲೈನಲ್ಲಿ, ಯೋಜನೆಗಳಿಗೆ ಭೂಮಿ ಕೊಟ್ಟ ಕುಟುಂಬದ ಒಬ್ಬರಿಗೆ ಕೆಳಹಂತದ ಹುದ್ದೆ ಕೊಡುವ ಸುತ್ತೋಲೆ ಹೊರಡಿಸಿತು. ಕರ್ನಾಟಕದ ಹೊಸ ಮಾರ್ಗಗಳಿಗೆ ಜಮೀನು ಬಿಟ್ಟವರಲ್ಲೂ ಅದು ಆಸೆ ಹುಟ್ಟಿಸಿತು. 2019ರ ನವೆಂಬರ್‌ನಲ್ಲಿ ಮಂಡಳಿ ಆ ನೀತಿಯನ್ನು ಹಿಂಪಡೆಯಿತು. ಅಷ್ಟರಲ್ಲಿ 2013ರ ಕಾಯ್ದೆಯ ಅನುಸೂಚಿಗಳು ರೈಲ್ವೆ, ಹೆದ್ದಾರಿ ಸ್ವಾಧೀನಗಳಿಗೂ ಅನ್ವಯವಾಗಿ ಐದು ವರ್ಷ ಸಮೀಪಿಸಿತ್ತು, ಹಣದ ದಾರಿ ಸಿದ್ಧವಾಗಿತ್ತು. ನೀತಿ ಜಾರಿಯಲ್ಲಿದ್ದಾಗ ಭೂಮಿ ಕೊಟ್ಟು, ನೀತಿ ರದ್ದಾಗುವ ಹೊತ್ತಿಗೂ ಅರ್ಜಿ ಇತ್ಯರ್ಥವಾಗದೆ ಉಳಿದವರು ನಡುನೀರಿನಲ್ಲಿ ಸಿಕ್ಕಿಬಿದ್ದರು. ಇವರ ಅಹವಾಲು ಉಳಿದೆಲ್ಲರಿಗಿಂತ ಗಟ್ಟಿ ಎಂಬುದು ನನ್ನ ಅಭಿಪ್ರಾಯ. ನೀತಿಯನ್ನು ನಂಬಿ ಭೂಮಿ ಬಿಟ್ಟವರ ಮೇಲೆ ನೀತಿ ಬದಲಾವಣೆಯ ಹೊರೆ ಹಾಕುವುದು ಸರಿಯಲ್ಲ. ಆದರೆ ಆಡಳಿತಾತ್ಮಕ ಸುತ್ತೋಲೆಯ ಸ್ವಭಾವವೇ ಹಾಗೆ: ಹೊರಡಿಸಿದ ಕೈಯೇ ಅದನ್ನು ಹಿಂಪಡೆಯಬಲ್ಲದು.

ಕೋಲ್ ಇಂಡಿಯಾದ ಪುನರ್ವಸತಿ ನೀತಿಯಲ್ಲಿ ಎರಡು ಎಕರೆಗೆ ಒಂದು ನೌಕರಿ ಎಂಬ ಸೂತ್ರವಿದೆ. ಅದಕ್ಕಿಂತ ಕಡಿಮೆ ಜಮೀನಿರುವವರು ಒಟ್ಟುಗೂಡಿ ಒಬ್ಬರನ್ನು ಸೂಚಿಸಬಹುದು. ತಕರಾರುಗಳು ಅಲ್ಲೂ ಬೇಕಾದಷ್ಟಿವೆ, ಆದರೆ ಕಲ್ಲಿದ್ದಲು ಕಂಪನಿಗಳು ಸೂತ್ರವನ್ನು ಕೈಬಿಡದಿರುವುದಕ್ಕೆ ಕಾರಣವಿದೆ. ಗಣಿ ವರ್ಷದಿಂದ ವರ್ಷಕ್ಕೆ ಮುಂದಿನ ಹೊಲಕ್ಕೆ ಸರಿಯಬೇಕು. ಇಂದು ಮಾತು ತಪ್ಪಿದರೆ ನಾಳೆ ಪಕ್ಕದ ಹಳ್ಳಿ ಕದಲುವುದಿಲ್ಲ, ಉತ್ಪಾದನೆ ನಿಲ್ಲುತ್ತದೆ. ರೈಲ್ವೆ ಹಾಗಲ್ಲ, ಒಂದು ಪಟ್ಟಿಯಷ್ಟು ಜಾಗ ಪಡೆದು ಹಳಿ ಹಾಕಿದ ಮೇಲೆ ಅದೇ ರೈತನ ಬಳಿಗೆ ಮತ್ತೆ ಬರಬೇಕಾದ ಪ್ರಮೇಯ ವಿರಳ. ಮುಂದೆಯೂ ನಿಮ್ಮ ಊರಿನ ಅಗತ್ಯವಿರುವ ಸಂಸ್ಥೆ ಮಾತು ಉಳಿಸಿಕೊಳ್ಳುತ್ತದೆ, ಅಗತ್ಯ ಒಂದೇ ದಿನಕ್ಕೆ ಮುಗಿಯುವ ಸಂಸ್ಥೆಯಿಂದ ಮಾತನ್ನು ಮುಂಚಿತವಾಗಿಯೇ ಬರೆಸಿಕೊಳ್ಳಬೇಕು.

ಕೆಐಎಡಿಬಿ ಜಮೀನಿಗೆ ಬೇರೆಯೇ ನಿಯಮ

ಕರ್ನಾಟಕದ ಹೆಚ್ಚಿನ ಕೈಗಾರಿಕಾ ಸ್ವಾಧೀನಗಳು ನಡೆಯುವುದು 2013ರ ಕೇಂದ್ರ ಕಾಯ್ದೆಯಡಿ ಅಲ್ಲ, 1966ರ ಕರ್ನಾಟಕ ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯ್ದೆಯಡಿ. ಆ ಕಾಯ್ದೆಯ ಮಂಡಳಿಯೇ ಕೆಐಎಡಿಬಿ. 28(1)ರ ಪ್ರಾಥಮಿಕ ಅಧಿಸೂಚನೆ, 28(4)ರ ಅಂತಿಮ ಅಧಿಸೂಚನೆ ಎಂಬ ಅಂಕಿಗಳು ಹೊಲ ಕಳೆದುಕೊಂಡ ಊರುಗಳಲ್ಲಿ ಓದು ಬಾರದವರ ಬಾಯಲ್ಲೂ ಇವೆ. ಜಮೀನಿನ ವಶವನ್ನೂ ಪಡೆಯದೆ, ಪರಿಹಾರವನ್ನೂ ಕೊಡದೆ ವರ್ಷಗಟ್ಟಲೆ ಬಿಟ್ಟರೆ ಹಳೆಯ ಸ್ವಾಧೀನವೇ ಬಿದ್ದುಹೋಗುವಂಥ 2013ರ ಕಾಯ್ದೆಯ ಅನುಕೂಲ ಕೆಐಎಡಿಬಿ ಸ್ವಾಧೀನಕ್ಕೆ ಅನ್ವಯಿಸದು ಎಂದು ಸುಪ್ರೀಂ ಕೋರ್ಟ್ ಈ ಹಿಂದೆಯೇ ಹೇಳಿದೆ. ಎರಡನೇ ಅನುಸೂಚಿಯ ಮೂರು ಆಯ್ಕೆಗಳೂ ಇಲ್ಲಿ ತಾವಾಗಿ ದೊರೆಯುವುದಿಲ್ಲ.

ಹಾಗಾಗಿ ಕೆಐಎಡಿಬಿಗೆ ಜಮೀನು ಕೊಟ್ಟವರ ನೌಕರಿ ನಿಂತಿರುವುದು ಹಂಚಿಕೆ ಪತ್ರದ ಷರತ್ತು, ಸರ್ಕಾರಿ ಆದೇಶ, ಕಂಪನಿಯ ಮಾತು ಇವುಗಳ ಮೇಲೆ. ಷರತ್ತು ಇರುವುದು ಮಂಡಳಿ ಮತ್ತು ಕಂಪನಿಯ ನಡುವೆ. ರೈತ ಆ ಪತ್ರದ ಪಕ್ಷಗಾರನೇ ಅಲ್ಲ. ಕೈಗಾರಿಕಾ ನೀತಿಗಳಲ್ಲಿರುವ ಶೇ 70 ಉದ್ಯೋಗ, 'ಡಿ' ಗುಂಪಿನಲ್ಲಿ ಶೇ 100 ಕನ್ನಡಿಗರಿಗೆ ಎಂಬ ನಿಯಮವೂ ಭೂಮಿ ಕೊಟ್ಟ ಊರಿನವರನ್ನು ಪ್ರತ್ಯೇಕವಾಗಿ ಗುರುತಿಸುವುದಿಲ್ಲ. ಬೇರೆ ಜಿಲ್ಲೆಯ ಕನ್ನಡಿಗನನ್ನು ನೇಮಿಸಿಕೊಂಡರೂ ಆ ನಿಯಮ ಪಾಲನೆಯಾದಂತೆಯೇ.

ಕಾರ್ಖಾನೆಯೇ ಬಾರದಿದ್ದರೆ? ಬಳ್ಳಾರಿ ತಾಲ್ಲೂಕಿನ ಕುಡತಿನಿ ಸುತ್ತಮುತ್ತಲ ಹಳ್ಳಿಗಳು ಈ ಪ್ರಶ್ನೆಯ ಜೀವಂತ ರೂಪ. 2010ರ ಆಸುಪಾಸಿನಲ್ಲಿ ಆರ್ಸೆಲರ್ ಮಿತ್ತಲ್, ಬ್ರಹ್ಮಣಿ, ಎನ್‌ಎಂಡಿಸಿಗಳ ಉಕ್ಕಿನ ಕಾರ್ಖಾನೆಗಳಿಗೆಂದು ಅಲ್ಲಿ ಸಾವಿರಾರು ಎಕರೆ ಜಮೀನು ಸ್ವಾಧೀನವಾಯಿತು. ಆರ್ಸೆಲರ್ ಮಿತ್ತಲ್ ಕಂಪನಿಯೊಂದೇ ವರ್ಷಕ್ಕೆ 60 ಲಕ್ಷ ಟನ್ ಸಾಮರ್ಥ್ಯದ ಸ್ಥಾವರದ ಒಪ್ಪಂದ ಮಾಡಿಕೊಂಡಿತ್ತು. ಕುಲುಮೆ ಉರಿಯಲಿಲ್ಲ. ಆಗ ಹದಿನೆಂಟು ದಾಟಿದ್ದ, ನೌಕರಿಯ ಭರವಸೆಯಲ್ಲಿದ್ದ ಹುಡುಗರು ಈಗ ಮಧ್ಯವಯಸ್ಸಿನ ಹೊಸ್ತಿಲಲ್ಲಿದ್ದಾರೆ. 2022ರ ಡಿಸೆಂಬರ್‌ನಲ್ಲಿ ಧರಣಿ ಆರಂಭಿಸಿದ ರೈತರ ಬೇಡಿಕೆ ಸರಳ: ಕಾರ್ಖಾನೆ ಕಟ್ಟಿ, ನೌಕರಿ ಕೊಡಿ, ಹೆಚ್ಚುವರಿ ಪರಿಹಾರ ಕೊಡಿ; ಆಗದಿದ್ದರೆ ಜಮೀನು ಹಿಂದಿರುಗಿಸಿ. ಐದು ವರ್ಷ ಬಳಸದ ಜಮೀನನ್ನು ಮೂಲ ಮಾಲೀಕರಿಗೋ ಭೂ ಬ್ಯಾಂಕಿಗೋ ಮರಳಿಸುವ 101ನೇ ಕಲಂ ಕೇಂದ್ರ ಕಾಯ್ದೆಯಲ್ಲಿದೆ. ಇವರ ಜಮೀನು ಹೋದದ್ದು ಆ ಕಾಯ್ದೆಯಡಿ ಅಲ್ಲ.

ಕಾರ್ಖಾನೆ ಬಂದು, ನೌಕರಿ ಸಿಕ್ಕು, ಆಮೇಲೆ ಕಂಪನಿ ಮುಳುಗಿದರೆ? ಮಂಗಳೂರು ವಿಶೇಷ ಆರ್ಥಿಕ ವಲಯಕ್ಕೆ ಜಮೀನು, ಮನೆ ಬಿಟ್ಟವರ ಪುನರ್ವಸತಿ ಪ್ಯಾಕೇಜಿನಲ್ಲಿ ಉದ್ಯೋಗವೂ ಸೇರಿತ್ತು. ತರಬೇತಿ ಪಡೆದ ಯುವಕರಲ್ಲಿ ಕೆಲವರು ಜೆಬಿಎಫ್ ಪೆಟ್ರೋಕೆಮಿಕಲ್ಸ್ ಸೇರಿದರು. ಕಂಪನಿ ಸಾಲದಲ್ಲಿ ಮುಳುಗಿ ದಿವಾಳಿ ಪ್ರಕ್ರಿಯೆಗೆ ಹೋಯಿತು. 2023ರಲ್ಲಿ ಗೇಲ್ ಅದನ್ನು ಖರೀದಿಸಿತು. ಕೆಲಸ ಕಳೆದುಕೊಂಡಿದ್ದ ನಿರ್ವಸಿತ ಕುಟುಂಬಗಳ ನೌಕರರು ಹೊಸ ಮಾಲೀಕರ ಬಾಗಿಲು ತಟ್ಟಬೇಕಾಯಿತು. ದಿವಾಳಿ ಸಂಹಿತೆಯ ಪ್ರಕಾರ ಅನುಮೋದನೆಯಾದ ಯೋಜನೆಯಲ್ಲಿ ಸೇರದ ಹಳೆಯ ಬಾಧ್ಯತೆಗಳಿಂದ ಖರೀದಿದಾರ ಮುಕ್ತನಾಗುತ್ತಾನೆ. ಬ್ಯಾಂಕುಗಳ ಬಾಕಿಗೆ ಅಲ್ಲಿ ಕುರ್ಚಿ ಇದೆ, ಮತವೂ ಇದೆ. ಊರು ಬಿಟ್ಟುಕೊಟ್ಟವನ ನೌಕರಿಯ ಪರವಾಗಿ ಆ ಮೇಜಿನಲ್ಲಿ ಕೂರುವವರು ಯಾರೂ ಇಲ್ಲ.

ಒಂದು ಕಡತದೊಳಗೆ

ಹಕ್ಕು ಇದ್ದಾಗಲೂ ಅದು ಕೈಗೆ ಸಿಗುವುದು ಸುಲಭವಲ್ಲ. ಉದಾಹರಣೆಗೆ, ಅಜ್ಜನ ಹೆಸರಿನಲ್ಲಿದ್ದ ನಾಲ್ಕು ಎಕರೆ ಜಮೀನು ಎಂದುಕೊಳ್ಳಿ. ಅಜ್ಜ ತೀರಿಕೊಂಡ ಮೇಲೆ ಪೌತಿ ಖಾತೆ (ವಾರಸುದಾರರ ಹೆಸರಿಗೆ ಖಾತೆ ಬದಲಾವಣೆ) ಆಗಿಲ್ಲ. ಎರಡು ಎಕರೆ ಇಪ್ಪತ್ತು ಗುಂಟೆ ಸ್ವಾಧೀನಕ್ಕೆ ಹೋಗುತ್ತದೆ. ಮೂವರು ಗಂಡುಮಕ್ಕಳು, ಇಬ್ಬರು ಹೆಣ್ಣುಮಕ್ಕಳು, ಒಂಬತ್ತು ಮೊಮ್ಮಕ್ಕಳು, ನೌಕರಿ ಒಂದು.

ಅರ್ಜಿಯ ಜೊತೆ ಪಹಣಿ, ಐತೀರ್ಪಿನ ಪ್ರತಿ, ವಂಶವೃಕ್ಷ, ಉಳಿದ ಹಕ್ಕುದಾರರ ಆಕ್ಷೇಪವಿಲ್ಲವೆಂಬ ಪ್ರಮಾಣಪತ್ರ, ವಿದ್ಯಾರ್ಹತೆಯ ಅಂಕಪಟ್ಟಿ ಇರಬೇಕು. 2005ರ ಹಿಂದೂ ಉತ್ತರಾಧಿಕಾರ ತಿದ್ದುಪಡಿಯ ನಂತರ ಪಿತ್ರಾರ್ಜಿತದಲ್ಲಿ ಹೆಣ್ಣುಮಕ್ಕಳಿಗೂ ಸಮಪಾಲಿರುವುದರಿಂದ, ಮದುವೆಯಾಗಿ ಬೇರೆ ಊರು ಸೇರಿದ ಅಕ್ಕತಂಗಿಯರ ಸಹಿಯೂ ಬೇಕು. ಒಬ್ಬರು ಸಹಿ ಹಾಕದಿದ್ದರೆ ಕಡತ ನಿಲ್ಲುತ್ತದೆ. ಕುಟುಂಬ ಒಬ್ಬನ ಹೆಸರು ಒಪ್ಪುವ ಹೊತ್ತಿಗೆ ಅವನ ವಯೋಮಿತಿ ಮೀರಿರುತ್ತದೆ. ಇನ್ನೊಬ್ಬನ ಹೆಸರು ಹಾಕಿದರೆ ಎಲ್ಲ ಪ್ರಮಾಣಪತ್ರಗಳನ್ನೂ ಹೊಸದಾಗಿ ಮಾಡಿಸಬೇಕು. ಪರಿಹಾರದ ಹಣವನ್ನು ಪಾಲು ಮಾಡಬಹುದು, ನೌಕರಿಯನ್ನು ಪಾಲು ಮಾಡಲಾಗದು. ಒಗ್ಗಟ್ಟಾಗಿದ್ದ ಮನೆಗಳು ಒಡೆಯುವುದು ಇಲ್ಲಿಯೇ.

2013ರ ಕಾಯ್ದೆ ವಯಸ್ಕ ಸದಸ್ಯರನ್ನು ಪ್ರತ್ಯೇಕ ಕುಟುಂಬವೆಂದು ಪರಿಗಣಿಸುತ್ತದೆ; ವಿಧವೆಯರು, ವಿಚ್ಛೇದಿತರು, ಪರಿತ್ಯಕ್ತೆಯರನ್ನೂ. ಹಾಗಾದರೆ ಒಂದೇ ಪಹಣಿಯಿಂದ ಎಷ್ಟು 'ಸಂತ್ರಸ್ತ ಕುಟುಂಬ'ಗಳು? ಅಧಿಕಾರಿಗಳು ಪಹಣಿಯ ಹೆಸರನ್ನು ಎಣಿಸುತ್ತಾರೆ, ಜನ ಒಲೆಗಳನ್ನು ಎಣಿಸುತ್ತಾರೆ. ವ್ಯಾಜ್ಯಗಳ ದೊಡ್ಡ ಪಾಲು ಹುಟ್ಟುವುದು ಈ ವ್ಯತ್ಯಾಸದಿಂದ.

ಪಹಣಿಯಲ್ಲಿ ಹೆಸರಿಲ್ಲದವರು

ಭೂಮಾಲೀಕರ ನೌಕರಿಯ ಚರ್ಚೆಯಲ್ಲಿ ಅದೇ ಭೂಮಿಯಲ್ಲಿ ದುಡಿಯುತ್ತಿದ್ದವರ ಮಾತು ಬರುವುದೇ ಕಡಿಮೆ. ಸ್ವಾಧೀನಕ್ಕೆ ಮುಂಚಿನ ಮೂರು ವರ್ಷ ಆ ಜಮೀನನ್ನೇ ಮುಖ್ಯವಾಗಿ ನಂಬಿ ಬದುಕಿದ ಕೃಷಿಕಾರ್ಮಿಕರು, ಗೇಣಿದಾರರು, ಕುಶಲಕರ್ಮಿಗಳನ್ನೂ 2013ರ ಕಾಯ್ದೆ ಸಂತ್ರಸ್ತ ಕುಟುಂಬವೆಂದು ಗುರುತಿಸುತ್ತದೆ. ಕೂಲಿಗೆ ಯಾವ ದಾಖಲೆ? ಆದ್ದರಿಂದ ಪಟ್ಟಿಯಲ್ಲಿ ಅವರ ಹೆಸರು ಅಪರೂಪ.

ಪಾವಗಡದ ಸೌರ ಪಾರ್ಕಿನಲ್ಲಿ ಸರ್ಕಾರ ಸ್ವಾಧೀನದ ದಾರಿಯನ್ನೇ ಬಿಟ್ಟು ಸುಮಾರು 13,000 ಎಕರೆಯನ್ನು ರೈತರಿಂದ ಗುತ್ತಿಗೆಗೆ ಪಡೆಯಿತು. ಎಕರೆಗೆ ವರ್ಷಕ್ಕೆ 21,000 ರೂಪಾಯಿ, ಎರಡು ವರ್ಷಕ್ಕೊಮ್ಮೆ ಶೇ 5 ಏರಿಕೆ. ಮಳೆಯಿಲ್ಲದ ಆ ನೆಲದಲ್ಲಿ ಒಡೆತನ ಉಳಿಸಿಕೊಂಡೇ ಬಾಡಿಗೆ ಪಡೆಯುವ ಈ ಏರ್ಪಾಡು ಭೂಮಾಲೀಕನಿಗೆ ನೌಕರಿಗಿಂತ ಭದ್ರ. ಆದರೆ ಸೌರ ಫಲಕಗಳನ್ನು ಒರೆಸಲು, ಕಾವಲು ಕಾಯಲು ಬೇಕಾದದ್ದು ಕೆಲವೇ ಜನ. ಆ ಹೊಲಗಳಲ್ಲಿ ಕಳೆ ಕೀಳುತ್ತಿದ್ದ, ಕಡಲೆಕಾಯಿ ಬಿಡಿಸುತ್ತಿದ್ದ ಭೂರಹಿತ ಹೆಂಗಸರಿಗೆ ಬಾಡಿಗೆಯೂ ಇಲ್ಲ, ಕೂಲಿಯೂ ಇಲ್ಲ. ನಿರ್ಗತಿಕರಾದವರಿಗಷ್ಟೇ ಪುನರ್ವಸತಿ ಎಂಬ ಜುಲೈ ತೀರ್ಪಿನ ಮಾತನ್ನು ಪ್ರಾಮಾಣಿಕವಾಗಿ ಅನ್ವಯಿಸಿದರೆ ಸಾಲಿನಲ್ಲಿ ಮೊದಲು ನಿಲ್ಲಬೇಕಾದವರು ಇವರೇ.

ಇನ್ನು ಮುಂದೆ

ತೀರ್ಪಿನ ತಕ್ಷಣದ ಪರಿಣಾಮ ಕಡತಗಳ ಮೇಲೆ ಬೀಳುತ್ತದೆ. ಹಳೆಯ ಕಾಯ್ದೆಯಡಿ ಭೂಮಿ ಹೋಗಿ, ಕೈಯಲ್ಲಿ ಲಿಖಿತ ಆದೇಶವಿಲ್ಲದೆ, ಹತ್ತಿಪ್ಪತ್ತು ವರ್ಷ ತಡವಾಗಿ ಬಂದ ಅರ್ಜಿಗಳು ಬೇಗ ವಜಾ ಆಗಬಹುದು. ಸಂಸ್ಥೆಗಳು ಹೊಸ ಪ್ಯಾಕೇಜುಗಳಲ್ಲಿ ನೌಕರಿಯ ಪದವನ್ನೇ ತೆಗೆದು ಹಣವನ್ನೋ ಅಭಿವೃದ್ಧಿಪಡಿಸಿದ ನಿವೇಶನವನ್ನೋ ಮುಂದಿಡುತ್ತವೆ. ಕೆಐಎಡಿಬಿ ಈಗಾಗಲೇ ಎಕರೆಗೆ 10,781 ಚದರಡಿ ಅಭಿವೃದ್ಧಿಪಡಿಸಿದ ಜಾಗದ ಆಯ್ಕೆ ಕೊಡುತ್ತಿದೆ. ಬೆಂಗಳೂರಿನ ಅಂಚಿನಲ್ಲಿ ಅದು ಬೆಲೆಬಾಳುವ ಆಸ್ತಿ. ರಾಯಚೂರು, ಬಳ್ಳಾರಿಯ ಒಣಭೂಮಿಯ ಕೈಗಾರಿಕಾ ಪ್ರದೇಶದಲ್ಲಿ ಅದನ್ನು ಬಾಡಿಗೆಗೆ ಕೇಳುವವರು ಬರುವುದು ಯಾವಾಗಲೋ.

ಎರಡನೆಯ ಪರಿಣಾಮ ಸರ್ಕಾರಕ್ಕೇ ದುಬಾರಿಯಾಗಲಿದೆ. ಭೂಮಿ ಕೊಟ್ಟ ಮೇಲೆ ನ್ಯಾಯಾಲಯದಿಂದ ಏನೂ ಸಿಗದು ಎಂದು ಗೊತ್ತಾದ ರೈತ, ಭೂಮಿ ಕೊಡುವ ಮುಂಚೆಯೇ ಪಟ್ಟು ಹಿಡಿಯುತ್ತಾನೆ. ದೇವನಹಳ್ಳಿಯ ಹಳ್ಳಿಗಳು ತೋರಿಸಿದ್ದು ಅದನ್ನೇ: ಸ್ವಾಧೀನ ಪೂರ್ಣವಾಗುವ ಮೊದಲು ರೈತನಿಗಿರುವ ಬಲ ಆಮೇಲೆ ಇರುವುದಿಲ್ಲ.

ರಾಜ್ಯಕ್ಕೆ ಮಾಡಲು ಕೆಲಸವಿದೆ. ಕೆಐಎಡಿಬಿ ಕಾಯ್ದೆಗೆ ಪುನರ್ವಸತಿ ಐತೀರ್ಪಿನ ಅಧ್ಯಾಯವೊಂದನ್ನು ಸೇರಿಸಬಹುದು. ಹಂಚಿಕೆ ಪತ್ರದ ಉದ್ಯೋಗ ಷರತ್ತಿಗೆ ಜಮೀನು ಕೊಟ್ಟ ಕುಟುಂಬವನ್ನೂ ಪಕ್ಷಗಾರನನ್ನಾಗಿ ಮಾಡಬಹುದು. ಕಂಪನಿ ಕೈ ಬದಲಾದರೂ ಷರತ್ತು ಜಮೀನಿಗೆ ಅಂಟಿಕೊಂಡೇ ಸಾಗುವಂತೆ ಗುತ್ತಿಗೆ-ಕ್ರಯಪತ್ರದಲ್ಲಿ ಬರೆಸಬಹುದು. ಕಾಯ್ದೆಯ ತಿದ್ದುಪಡಿಗಾಗಿ ಕಾಯದೆ, ಕೊನೆಯ ಎರಡನ್ನು ಮಂಡಳಿ ತನ್ನ ಮಟ್ಟದಲ್ಲೇ ಶುರು ಮಾಡಬಹುದು.

ಈಗ ನೋಟಿಸು ಕೈಯಲ್ಲಿ ಹಿಡಿದಿರುವವರಿಗೆ ತುರ್ತಿನ ವಿಷಯ ಒಪ್ಪಿಗೆ ಐತೀರ್ಪು. ಕೆಐಎಡಿಬಿ ಕಾಯ್ದೆಯ 29(2)ನೇ ಕಲಮಿನಡಿ ಒಪ್ಪಂದಕ್ಕೆ ಸಹಿ ಹಾಕಿದರೆ ಹಣ ಬೇಗ ಬರುತ್ತದೆ, ಹೆಚ್ಚುವರಿ ಪರಿಹಾರ ಕೇಳಿ ನ್ಯಾಯಾಲಯಕ್ಕೆ ಹೋಗುವ ದಾರಿ ಮುಚ್ಚುತ್ತದೆ. ಸಹಿಗೆ ಮುನ್ನ ಆ ಪತ್ರವನ್ನು ಗೊತ್ತಿರುವ ವಕೀಲರಿಂದ ಓದಿಸಿಕೊಂಡು, ನೌಕರಿಯ ಮಾತು ಅದರಲ್ಲಿ ಇದೆಯೇ, ಇದ್ದರೆ ಯಾರು, ಯಾವ ಹುದ್ದೆ, ಎಷ್ಟು ದಿನದೊಳಗೆ ಕೊಡಬೇಕು, ಕೊಡದಿದ್ದರೆ ತಿಂಗಳಿಗೆ ಎಷ್ಟು ಹಣ ಎಂಬ ನಾಲ್ಕೂ ವಿವರ ಬರೆದಿದೆಯೇ ಎಂದು ನೋಡಿಕೊಳ್ಳಬೇಕು. ಇಲ್ಲದಿದ್ದರೆ ಲಿಖಿತ ಆಕ್ಷೇಪಣೆ ಸಲ್ಲಿಸಿ ಸ್ವೀಕೃತಿ ಪಡೆದಿಟ್ಟುಕೊಳ್ಳಬೇಕು. ಸಹಿಯಾದ ಮೇಲೆ ಸೇರಿಸುತ್ತೇವೆ ಎಂದು ಅಧಿಕಾರಿಗಳು ಹೇಳಿದರೆ, ಸೇರಿಸಿದ ಮೇಲೆ ಸಹಿ ಮಾಡುತ್ತೇವೆ ಎನ್ನಲು ರೈತನಿಗೆ ಪೂರ್ಣ ಹಕ್ಕಿದೆ.